ಚಿಂತೆಯ ಗಂಟು ಬಿಚ್ಚೋಣ



ಒಂದು ಸಂಘದ ವಾರದ ಸಭೆಗೆ ಹೋಗಿದ್ದೆವು. ಉಳಿತಾಯ ಬರೆದು ಮುಗಿದ ಮೇಲೆ ಸದಸ್ಯೆಯೊಬ್ಬರು, "ಸಿಸ್ಟರ್, ನಮ್ಮಜ್ಜಿ ಗಂಜಿ ಕುಡಿದ್ರೂ ನೆಮ್ಮದಿಯಾಗಿ ಮಲಗ್ತಿದ್ರು. ನನಗೆ ನಿದ್ದೇನೇ ಇಲ್ಲ. ಚಿಂತೆ ಇಲ್ಲದ ಊರಿದ್ರೆ ಹೋಗಿಬಿಡೋಣ ಅನ್ಸುತ್ತೆ" ಎಂದರು. ಎಲ್ಲರೂ ತಲೆಯಾಡಿಸಿದರು.

ಈ ಆಸೆ ತಪ್ಪಲ್ಲ. ಆದರೆ ಅಜ್ಜಿಗೂ ಮಳೆಯ ಚಿಂತೆ, ಹೆರಿಗೆಯ ಭಯ, ಸಾಹುಕಾರನ ಬಡ್ಡಿ ಇದ್ದೇ ಇತ್ತು. ಚಿಂತೆಯೇ ಇಲ್ಲದ ಊರು ಎಲ್ಲೂ ಇಲ್ಲ. ಆದರೆ ಚಿಂತೆಯನ್ನು ಒಬ್ಬರೇ ಹೊರಬೇಕಾಗಿಲ್ಲ.

ಆ ದಿನ ಎಲ್ಲರೂ ತಮ್ಮ ಚಿಂತೆಗಳನ್ನು ಮೂರು ಭಾಗ ಮಾಡಿ ಬರೆದರು:

1. ನಾನೇ ಮಾಡಬಹುದಾದದ್ದು
2. ಬೇರೆಯವರ ಸಹಾಯ ಬೇಕಾದದ್ದು
3. ನಮ್ಮ ಕೈಯಲ್ಲಿ ಇಲ್ಲದ್ದು

ಆ ಸಹೋದರಿ ಅತ್ತೆಯ ಬಿ.ಪಿ. ಮಾತ್ರೆ ತರುವುದನ್ನು ಮೊದಲನೆಯದರಲ್ಲಿ, ಮಳೆಯನ್ನು ಮೂರನೆಯದರಲ್ಲಿ ಬರೆದರು. ಎರಡನೆಯದನ್ನು ಬರೆಯುವಾಗ ಅತ್ತುಬಿಟ್ಟರು. ಗಂಡನಿಗೂ ಹೇಳದೆ ಮಾಡಿದ 10,000 ರೂಪಾಯಿ ಕೈಸಾಲ ಅದು. ತಿಂಗಳಿಗೆ ನೂರಕ್ಕೆ ಮೂರು ರೂಪಾಯಿ ಬಡ್ಡಿ. (ಅವರ ಒಪ್ಪಿಗೆ ಪಡೆದೇ ಇದನ್ನು ಬರೆಯುತ್ತಿದ್ದೇವೆ.)

ಎಲ್ಲರೂ ಕೂತು ಲೆಕ್ಕ ಹಾಕಿದೆವು. ಅಸಲು ಹಾಗೇ ಉಳಿದರೆ ವರ್ಷಕ್ಕೆ ಬಡ್ಡಿಯೇ 3,600 ರೂಪಾಯಿ. ಸಂಘದ ಬಡ್ಡಿ ನೂರಕ್ಕೆ ಒಂದರಂತೆ 1,200 ಮಾತ್ರ. ಮುಂದಿನ ವಾರ ಸಂಘ ಸಾಲ ಕೊಟ್ಟಿತು, ಕೈಸಾಲ ತೀರಿತು. ಗಂಡನಿಗೂ ಹೇಳಿದರು. ಮೊದಲು ಬೈದರಂತೆ, ಆಮೇಲೆ ಕಂತಿಗೆ ತಾವೂ ಕೈಜೋಡಿಸಿದರಂತೆ. ಸಾಲ ಇನ್ನೂ ಇದೆ, ಆದರೆ "ಈಗ ನಿದ್ದೆ ಬರ್ತದೆ ಸಿಸ್ಟರ್" ಎನ್ನುತ್ತಾರೆ.

ನೆನಪಿಡಬೇಕಾದ ವಿಷಯಗಳು:

* ಸಾಲ ಕೊಟ್ಟವರು ಹೆದರಿಸಿ, ಅವಮಾನಿಸಿ ವಸೂಲಿ ಮಾಡುವುದನ್ನು ತಡೆಯಲು ಕರ್ನಾಟಕದಲ್ಲಿ 2025ರಲ್ಲಿ ಕಾಯ್ದೆ ಬಂದಿದೆ. ಪೊಲೀಸರಿಗೆ ದೂರು ಕೊಡಬಹುದು.
* ಎರಡು ವಾರ ಕಳೆದರೂ ನಿದ್ದೆ, ಊಟ ಸೇರದೆ, ಬದುಕೇ ಬೇಡ ಅನ್ನಿಸಿದರೆ ಅದು ಸೋಮಾರಿತನವಲ್ಲ, ಕಾಯಿಲೆ ಇರಬಹುದು. ಆಸ್ಪತ್ರೆಗೆ ಹೋಗಿ ವೈದ್ಯರಿಗೆ ಹೇಳಿ. ಸಾಯುವ ಯೋಚನೆ ಬಂದರಂತೂ ಒಂದು ದಿನವೂ ಕಾಯಬೇಡಿ. ಸರಕಾರದ ಟೆಲಿ ಮನಸ್ ಸಹಾಯವಾಣಿ 14416ಕ್ಕೆ ಹಗಲು ರಾತ್ರಿ ಉಚಿತವಾಗಿ ಕರೆ ಮಾಡಿ ಕನ್ನಡದಲ್ಲೇ ಮಾತಾಡಬಹುದು.
* ಸಭೆಯಲ್ಲಿ ಕೇಳಿದ ಕಷ್ಟವನ್ನು ಬಾವಿಕಟ್ಟೆಯಲ್ಲಿ ಆಡಬಾರದು. ಈ ನಂಬಿಕೆ ಇಲ್ಲದಿದ್ದರೆ ಯಾರೂ ಬಾಯಿ ಬಿಡುವುದಿಲ್ಲ.

ಸಂಘದಲ್ಲಿ ಚರ್ಚಿಸೋಣ:

1. ನನ್ನ ನಿದ್ದೆ ಕೆಡಿಸುವ ಚಿಂತೆ ಯಾವ ಭಾಗಕ್ಕೆ ಸೇರುತ್ತದೆ?
2. ಅದನ್ನು ಈವರೆಗೆ ಯಾರಿಗೆ ಹೇಳಿದ್ದೇನೆ?
3. ಇತ್ತೀಚೆಗೆ ಸಭೆಗೆ ಬಾರದ, ಬಂದರೂ ಮಾತಾಡದ ಸದಸ್ಯೆ ಯಾರು? ಈ ವಾರ ಅವರ ಮನೆಗೆ ಯಾರು ಹೋಗಿ ಬರುತ್ತೀರಿ?