ಓದುಗರ ಪ್ರಶ್ನೆ: ನಾಟಕದ ಪುಸ್ತಕಗಳಿಗೆ ಸೇಲಂ ದಾರಿ

ಪ್ರಶ್ನೆ: ನಮ್ಮ ಮನೆಮಾತು ಕನ್ನಡ, ಓದಿದ್ದೆಲ್ಲ ತಮಿಳು ಶಾಲೆಯಲ್ಲಿ. ಕನ್ನಡ ಅಕ್ಷರ ಮನೆಯಲ್ಲೇ ಕಲಿತದ್ದು. ಸೇಲಂನ ಮಾಡರ್ನ್ ಥಿಯೇಟರ್ಸ್‌ನಲ್ಲಿ ನಾಟಕಗಳನ್ನು ಸಿನಿಮಾ ಮಾಡುತ್ತಿದ್ದರು ಎಂದು ಹಿರಿಯರು ಹೇಳುವುದನ್ನು ಕೇಳಿದ್ದೇನೆ. ಹಳೆಯ ನಾಟಕ, ಹೊಸ ನಾಟಕ ರಂಗದ ಮೇಲೆ ಹೇಗಿದ್ದವು, ತೆರೆಗೆ ಬಂದಾಗ ಏನಾದವು ಎಂದು ತಿಳಿಯಲು ಯಾವ ಪುಸ್ತಕ ಓದಲಿ? ಒಂದೇ ಪುಸ್ತಕವಾದರೆ ಒಳ್ಳೆಯದು.
ಓದುಗರೊಬ್ಬರು, ಪೆನ್ನಾಗರಂ, ಧರ್ಮಪುರಿ ಜಿಲ್ಲೆ

ಉತ್ತರ: ಒಂದೇ ಪುಸ್ತಕದಲ್ಲಿ ಮುಗಿಯುವ ವಿಷಯ ಇದಲ್ಲ. ಮೂರನ್ನು ಜೊತೆಗಿಟ್ಟುಕೊಳ್ಳಿ: ನಾಟಕದ ಪಠ್ಯ, ಆ ಕಾಲದ ನಟನೋ ನಾಟಕಕಾರನೋ ಬರೆದ ಆತ್ಮಕಥೆ, ಆಮೇಲೆ ಸಿನಿಮಾ. ವಿದ್ವಾಂಸರ ಇತಿಹಾಸ ಗ್ರಂಥಗಳು ನಾಲ್ಕನೆಯದಾಗಿ ಬರಲಿ. ಬಹಳ ಜನ ಇದನ್ನು ತಲೆಕೆಳಗಾಗಿ ಮಾಡುತ್ತಾರೆ. ಇತಿಹಾಸದಿಂದ ಶುರುಮಾಡಿ ನಾಟಕದವರೆಗೆ ಬರುವುದೇ ಇಲ್ಲ.

ಆತ್ಮಕಥೆಗೆ ನಾನು ಇಷ್ಟು ಬೆಲೆ ಕೊಡಲು ಕಾರಣವಿದೆ. ಕಂಪನಿ ನಾಟಕಗಳ ಕಾಲದಲ್ಲಿ ಮಾಲೀಕರು ನಾಟಕದ ಪೂರ್ತಿ ಪ್ರತಿಯನ್ನು ಅಚ್ಚು ಹಾಕಿಸಲು ಹಿಂಜರಿಯುತ್ತಿದ್ದರು. ಅಚ್ಚಾದರೆ ಮುಂದಿನ ಕ್ಯಾಂಪಿನಲ್ಲಿ ಬೇರೆ ಕಂಪನಿ ಅದನ್ನೇ ಆಡಿಬಿಟ್ಟೀತು ಎಂಬ ಭಯ. ಪ್ರೇಕ್ಷಕರ ಕೈಗೆ ಸಿಗುತ್ತಿದ್ದದ್ದು ಹಾಡಿನ ಪುಸ್ತಕ, ಅಷ್ಟೆ. ಸಿನಿಮಾ ಬಂದ ಮೇಲೂ ಟೆಂಟಿನ ಬಾಗಿಲಲ್ಲಿ ಕಥಾಸಾರಾಂಶ ಸೇರಿಸಿದ ಅದೇ ಬಗೆಯ ತೆಳು ಪುಸ್ತಕ ಮಾರಿದರು. ಕಥೆಯ ಕೊನೆಯನ್ನು ಮಾತ್ರ ಬೆಳ್ಳಿತೆರೆಯ ಮೇಲೆ ನೋಡಿ ಎಂದು ಬಿಟ್ಟಿರುತ್ತಿದ್ದರು. ನಟ ಹೇಗೆ ನಿಂತ, ಪರದೆ ಯಾವಾಗ ಎದ್ದಿತು, ಜನ ಎಲ್ಲಿ ‘ಒನ್ಸ್ ಮೋರ್’ ಕೂಗಿದರು ಎಂಬುದೆಲ್ಲ ಉಳಿದಿರುವುದು ಆಡಿದವರ ನೆನಪಿನ ಬರಹಗಳಲ್ಲಿ.

ಈಗ ನಿಮ್ಮ ಸೇಲಂಗೇ ಬರೋಣ. ಧರ್ಮಪುರಿ 1965ರವರೆಗೆ ಸೇಲಂ ಜಿಲ್ಲೆಯ ಭಾಗವಾಗಿತ್ತು, ಆದ್ದರಿಂದ ಇದು ನಿಮ್ಮ ಹಿರಿಯರ ಜಿಲ್ಲೆಯ ಕಥೆಯೇ. ತಿರುಚೆಂಗೋಡಿನ ಟಿ. ಆರ್. ಸುಂದರಂ ಲೀಡ್ಸ್‌ನಲ್ಲಿ ಜವಳಿ ವಿದ್ಯೆ ಕಲಿತು ಬಂದು, 1930ರ ದಶಕದ ನಡುವಿನಲ್ಲಿ ಯೇರ್ಕಾಡು ಬೆಟ್ಟಕ್ಕೆ ಹೋಗುವ ರಸ್ತೆಯಲ್ಲಿ ಮಾಡರ್ನ್ ಥಿಯೇಟರ್ಸ್ ಕಟ್ಟಿದರು. ಮಲಯಾಳದ ಮೊದಲ ಮಾತಿನ ಚಿತ್ರ ‘ಬಾಲನ್’ (1938) ಅವರದು, ತಮಿಳಿನ ಮೊದಲ ಪೂರ್ಣ ಬಣ್ಣದ ಚಿತ್ರ ‘ಅಲಿಬಾಬಾವುಂ ನಾರ್ಪದು ತಿರುಡರ್ಗಳುಂ’ (1956) ಕೂಡ ಅವರದೇ. ಸ್ಟುಡಿಯೋ ಹೋಗಿದೆ, ಹೆಬ್ಬಾಗಿಲ ಕಮಾನು ಉಳಿದಿದೆ.

ಅಲ್ಲಿ ತೆರೆಗೆ ಬಂದ ನಾಟಕಗಳಲ್ಲಿ ನೀವು ಮೊದಲು ಕೈಗೆತ್ತಿಕೊಳ್ಳಬೇಕಾದದ್ದು ‘ಮನೋನ್ಮಣೀಯಂ’. ತಿರುವನಂತಪುರದ ಮಹಾರಾಜಾ ಕಾಲೇಜಿನಲ್ಲಿ ತತ್ವಶಾಸ್ತ್ರ ಕಲಿಸುತ್ತಿದ್ದ ಪೆ. ಸುಂದರಂ ಪಿಳ್ಳೈ 1891ರಲ್ಲಿ ಪ್ರಕಟಿಸಿದ ಪದ್ಯನಾಟಕ. ಇಂಗ್ಲಿಷಿನ ಲಾರ್ಡ್ ಲಿಟ್ಟನ್ ಬರೆದ ‘ದ ಸೀಕ್ರೆಟ್ ವೇ’ ಎಂಬ ಕಥನದ ಎಳೆಯನ್ನು ಹಿಡಿದು, ಅದನ್ನು ಪಾಂಡ್ಯ ನಾಡಿನ ಕಥೆಯಾಗಿ ಕಟ್ಟಿದ್ದಾರೆ. ದುರ್ಬಲ ದೊರೆ ಜೀವಕ, ಅವನನ್ನು ಆಡಿಸುವ ಮಂತ್ರಿ ಕುಟಿಲ, ಗುಟ್ಟಾಗಿ ಸುರಂಗ ತೋಡಿಸುವ ಗುರು ಸುಂದರ ಮುನಿ, ಕಾಣದ ಚೇರ ದೊರೆಯನ್ನು ಕನಸಿನಲ್ಲಿ ಪ್ರೀತಿಸುವ ರಾಜಕುಮಾರಿ. ಹೆಸರುಗಳನ್ನು ನೋಡಿದರೇ ತಿಳಿಯುತ್ತದೆ, ಇದು ಜೀವ, ಮನಸ್ಸು, ಕುಟಿಲ ಬುದ್ಧಿ, ಗುರುಕೃಪೆಗಳ ಕಥೆಯೂ ಹೌದು. ಓದಲೆಂದೇ ಬರೆದ ನಾಟಕವಿದು. ಇದರ ಆರಂಭದ ಸ್ತುತಿಪದ್ಯದ ಭಾಗವನ್ನೇ 1970ರಲ್ಲಿ ತಮಿಳುನಾಡು ಸರ್ಕಾರ ‘ತಮಿಳ್‌ತಾಯ್ ವಾಳ್ತ್ತು’ ಆಗಿ ಆರಿಸಿಕೊಂಡಿತು. ಶಾಲೆಯ ಪ್ರಾರ್ಥನೆಯಲ್ಲಿ ನೀವು ಅದನ್ನು ಎಷ್ಟು ಸಲ ಹಾಡಿರಬೇಡ! ಅದು ಒಂದು ನಾಟಕದ ಮೊದಲ ಪುಟ ಎಂಬುದು ಹಾಡುವ ಮಕ್ಕಳಲ್ಲಿ ಬಹಳ ಮಂದಿಗೆ ಗೊತ್ತಿರಲಾರದು.

1942ರಲ್ಲಿ ಟಿ. ಆರ್. ಸುಂದರಂ ಇದನ್ನೇ ‘ಮನೋನ್ಮಣಿ’ ಎಂಬ ಚಿತ್ರವಾಗಿಸಿದರು. ಬಾಲಕರ ನಾಟಕ ಕಂಪನಿಯಲ್ಲಿ ಪಳಗಿದ ಪಿ. ಯು. ಚಿನ್ನಪ್ಪ ನಾಯಕ, ಟಿ. ಆರ್. ರಾಜಕುಮಾರಿ ನಾಯಕಿ. ಓದುವ ನಾಟಕವೊಂದು ಹಾಡಿ ಕುಣಿಯುವ ಸಿನಿಮಾ ಆಯಿತು. ಪದ್ಯದ ಉದ್ದುದ್ದ ಆತ್ಮಾಲೋಚನೆಗಳನ್ನು ಕ್ಯಾಮೆರಾ ಹಿಡಿಯಲಾರದು. ಕುಟಿಲನ ಒಳಸಂಚು, ಕತ್ತಿಯ ಝಳಪು, ಕನಸಿನ ಪ್ರೇಮ ಇವನ್ನು ಹಿಡಿಯಬಲ್ಲದು. ನಾಟಕ ಓದುವಾಗ ಒಂದು ಪೆನ್ಸಿಲ್ ಇಟ್ಟುಕೊಂಡು, ನೀವೇ ಸಿನಿಮಾ ಮಾಡುವುದಾದರೆ ಯಾವುದನ್ನು ಬಿಡುತ್ತೀರಿ ಎಂದು ಗುರುತು ಹಾಕುತ್ತ ಹೋಗಿ. ರೂಪಾಂತರ ಎಂದರೇನು ಎಂಬುದನ್ನು ಇದಕ್ಕಿಂತ ಚೆನ್ನಾಗಿ ಕಲಿಸುವ ಪುಸ್ತಕ ನನಗೆ ಕಂಡಿಲ್ಲ.

ಎರಡನೆಯದು ‘ಮಂತ್ರಿ ಕುಮಾರಿ’ (1950). ತಮಿಳಿನ ಪ್ರಾಚೀನ ಮಹಾಕಾವ್ಯ ‘ಕುಂಡಲಕೇಶಿ’ಯ ಒಂದು ಪ್ರಸಂಗದಿಂದ ಮು. ಕರುಣಾನಿಧಿ ನಾಟಕ ಬರೆದರು, ಅವರ ಸಂಭಾಷಣೆಯಲ್ಲೇ ಮಾಡರ್ನ್ ಥಿಯೇಟರ್ಸ್ ಅದನ್ನು ಚಿತ್ರ ಮಾಡಿತು. ಎಂ.ಜಿ.ಆರ್. ಚಿತ್ರವೆಂದು ಇವತ್ತು ಅದಕ್ಕೆ ಹೆಸರು. ಆದರೆ ಕಥೆಯ ಬೆನ್ನುಮೂಳೆ ಮಾಧುರಿ ದೇವಿ ವಹಿಸಿದ ಮಂತ್ರಿಯ ಮಗಳು. ಕೊಲ್ಲಲೆಂದು ಗಂಡ ಬೆಟ್ಟದ ತುದಿಗೆ ಕರೆತಂದಾಗ, ಪ್ರದಕ್ಷಿಣೆ ಹಾಕುವೆನೆಂದು ಹೇಳಿ ಅವಳೇ ಅವನನ್ನು ತಳ್ಳುತ್ತಾಳೆ. ರಂಗದ ಮೇಲೆ ಆ ಪ್ರಪಾತವನ್ನು ಪರದೆಯೋ ನಟಿಯ ಕಣ್ಣೋ ತೋರಿಸಬೇಕು. ತೆರೆಯ ಮೇಲೆ ಬಂಡೆಯೇ ಇದೆ, ಗಾಳಿಯೇ ಇದೆ. ಆದರೂ ನೋಡುವಾಗ ಆ ದೃಶ್ಯ ಇಬ್ಬರ ಮಾತಿನ ಮೇಲೆ, ನಡೆಯುವ ಲಯದ ಮೇಲೆ ನಿಂತಿದೆ ಎನ್ನಿಸುತ್ತದೆ. ಅಲ್ಲಿ ನಾಟಕ ಇನ್ನೂ ಉಸಿರಾಡುತ್ತಿದೆ. ಈ ಚಿತ್ರದ ನಿರ್ದೇಶಕರಾಗಿ ಸುಂದರಂ ಜೊತೆ ಹೆಸರಿರುವವರು ಅಮೆರಿಕದ ಎಲ್ಲಿಸ್ ಆರ್. ಡಂಗನ್. 1935ರಿಂದ ಹದಿನೈದು ವರ್ಷ ಇಲ್ಲಿ ಕೆಲಸ ಮಾಡಿದ ಅವರ ಆತ್ಮಕಥೆ ‘ಎ ಗೈಡ್ ಟು ಅಡ್ವೆಂಚರ್’ ಇಂಗ್ಲಿಷಿನಲ್ಲಿದೆ; ಕರುಣಾನಿಧಿಯವರ ಆತ್ಮಕಥೆ ‘ನೆಂಜುಕ್ಕು ನೀದಿ’ ನಿಮಗೆ ತಮಿಳಿನಲ್ಲೇ ಸಿಗುತ್ತದೆ. ತಮಿಳು ಬಾರದ ನಿರ್ದೇಶಕ, ತಮಿಳೇ ಉಸಿರಾಗಿದ್ದ ಸಂಭಾಷಣೆಕಾರ: ಇಬ್ಬರನ್ನೂ ಓದಿ ಆಮೇಲೆ ಚಿತ್ರ ನೋಡಿ.

ಇನ್ನು ಬಳ್ಳಾರಿಯ ಮಾತು. ಪಮ್ಮಲ್ ಸಂಬಂಧ ಮುದಲಿಯಾರ್ ಎಂಬ ಹೆಸರು ತಮಿಳು ರಂಗಭೂಮಿಗೆ ಎಷ್ಟು ದೊಡ್ಡದೆಂದು ನಿಮಗೆ ಶಾಲೆಯಲ್ಲೇ ಹೇಳಿರುತ್ತಾರೆ. ಎಳೆಯ ವಯಸ್ಸಿನಲ್ಲಿ ಅವರಿಗೆ ತಮಿಳು ನಾಟಕವೆಂದರೆ ತಾತ್ಸಾರವಿತ್ತು. 1891ರಲ್ಲಿ ಬಳ್ಳಾರಿಯಿಂದ ಧರ್ಮವರಂ ರಾಮಕೃಷ್ಣಮಾಚಾರ್ಯರ ಸರಸ ವಿನೋದಿನಿ ಸಭೆ ಮದರಾಸಿಗೆ ಬಂದು ತೆಲುಗು ನಾಟಕ ಆಡಿತು. ಓದಿದ ಗೃಹಸ್ಥರು ಬಣ್ಣ ಹಚ್ಚಿ ಘನತೆಯಿಂದ ಆಡಿದ್ದನ್ನು ಕಂಡ ಪಮ್ಮಲ್, ಅದೇ ವರ್ಷ ಗೆಳೆಯರೊಂದಿಗೆ ಸುಗುಣ ವಿಲಾಸ ಸಭೆ ಕಟ್ಟಿದರು. ‘ಮನೋನ್ಮಣೀಯಂ’ ಅಚ್ಚಾದದ್ದೂ 1891, ಗುಬ್ಬಿ ವೀರಣ್ಣನವರು ಹುಟ್ಟಿದ್ದೂ 1891. ಆ ಒಂದು ವರ್ಷವನ್ನು ನೆನಪಿನಲ್ಲಿಡಿ. ಪಮ್ಮಲ್ ಅವರ ‘ನಾಟಕ ಮೇಡೈ ನಿನೈವುಗಳ್’ ಆರು ಭಾಗಗಳ ನೆನಪು. ನೀವು ಒಂದೇ ಪುಸ್ತಕ ಕೇಳಿದಿರಲ್ಲ, ಬಲವಂತ ಮಾಡಿದರೆ ನಾನು ಇದರ ಮೊದಲ ಭಾಗವನ್ನೇ ನಿಮ್ಮ ಕೈಗಿಡುತ್ತೇನೆ. ಅದರ ಜೊತೆಗೆ ಅವರ ‘ಮನೋಹರ’ ನಾಟಕವನ್ನೂ, 1954ರಲ್ಲಿ ಕರುಣಾನಿಧಿ ಸಂಭಾಷಣೆ ಬರೆದು ಶಿವಾಜಿ ಗಣೇಶನ್ ಆಡಿದ ಚಿತ್ರವನ್ನೂ ಇಟ್ಟು ನೋಡಿ. ಕಥೆ ಒಂದೇ, ಕಾಲ ಬೇರೆ, ಸಿಟ್ಟು ಬೇರೆ.

ಕನ್ನಡದ ಕಡೆ ಪಮ್ಮಲ್ ಅವರ ನೆನಪುಗಳಿಗೆ ಸರಿಜೋಡಿ ಗುಬ್ಬಿ ವೀರಣ್ಣನವರ ಆತ್ಮಕಥೆ ‘ಕಲೆಯೇ ಕಾಯಕ’. ಗುಬ್ಬಿ ಕಂಪನಿಯ ‘ಸದಾರಮೆ’ 1935ರಲ್ಲೇ ತೆರೆಗೆ ಬಂತು; ಕಂಪನಿಯ ಇನ್ನೊಂದು ನಾಟಕ 1954ರಲ್ಲಿ ‘ಬೇಡರ ಕಣ್ಣಪ್ಪ’ ಆಗಿ ರಾಜಕುಮಾರ್ ಅವರನ್ನು ನಾಯಕನನ್ನಾಗಿಸಿತು. ಆ ಚಿತ್ರದಲ್ಲಿ ನಟರು ಮಾತು ಮುಗಿಸಿ ತಿರುಗುವ ರೀತಿ, ಹಾಸ್ಯದ ಪಾತ್ರಗಳು ಬಂದು ಹೋಗುವ ರೀತಿ ಗಮನಿಸಿ. ಕಂಪನಿ ನಾಟಕದ ನಡೆಯನ್ನು ನಮ್ಮ ಪೀಳಿಗೆ ಕಾಣಲು ಉಳಿದ ದಾರಿಗಳಲ್ಲಿ ಅದೂ ಒಂದು. ಸೇಲಂಗೂ ಗುಬ್ಬಿ ಕಂಪನಿಗೂ ನಡುವೆ ಒಬ್ಬ ನಟ ನಿಂತಿದ್ದಾರೆ, ನೆಲಮಂಗಲದ ಬಳಿಯ ಚೌಡಸಂದ್ರದ ಹೊನ್ನಪ್ಪ ಭಾಗವತರು. ಗುಬ್ಬಿ ಕಂಪನಿಯಲ್ಲಿ ಹಾಡಿದ ಅವರು ಮಾಡರ್ನ್ ಥಿಯೇಟರ್ಸ್‌ನ ‘ಸತಿ ಸುಕನ್ಯಾ’ (1942), ‘ಬರ್ಮಾ ರಾಣಿ’ (1945) ಚಿತ್ರಗಳ ನಾಯಕರು. 1955ರಲ್ಲಿ ಕನ್ನಡಕ್ಕೆ ‘ಮಹಾಕವಿ ಕಾಳಿದಾಸ’ ಕೊಟ್ಟು, ಬಿ. ಸರೋಜಾದೇವಿಯವರನ್ನು ತೆರೆಗೆ ತಂದವರೂ ಅವರೇ. ಸೇಲಂನ ಸ್ಟುಡಿಯೋದಲ್ಲಿ ಕನ್ನಡದ ಕಂಠವೊಂದು ತಮಿಳು ಹಾಡುತ್ತಿತ್ತು ಎಂಬುದು ನಿಮ್ಮಂಥ ಮನೆಯವರಿಗೆ ಹೆಮ್ಮೆಯ ಸಂಗತಿ. ಅವರ ಮೇಲೆ ದೊಡ್ಡದೊಂದು ಪುಸ್ತಕ, ಎರಡೂ ಭಾಷೆ ಬಲ್ಲವರು ಬರೆದದ್ದು, ಬರಲೇಬೇಕು.

ಶಾಸ್ತ್ರೀಯ ನಾಟಕಕ್ಕೆ ‘ಮೃಚ್ಛಕಟಿಕ’ವೊಂದನ್ನೇ ಹಿಡಿಯಿರಿ, ಸಾಕು. ಶೂದ್ರಕನ ಈ ನಾಟಕವನ್ನು ಬನ್ನಂಜೆ ಗೋವಿಂದಾಚಾರ್ಯರು ‘ಆವೆಯ ಮಣ್ಣಿನ ಆಟದ ಬಂಡಿ’ ಎಂದು ಕನ್ನಡಿಸಿದ್ದಾರೆ. ಗಟ್ಟಿಯಾಗಿ ಓದಬೇಕಾದ ಕನ್ನಡ. 1931ರಲ್ಲಿ ಕಮಲಾದೇವಿ ಚಟ್ಟೋಪಾಧ್ಯಾಯ ನಟಿಸಿದ ಮೂಕಿ ಚಿತ್ರ, 1941ರಲ್ಲಿ ನಾಗೇಂದ್ರರಾಯರು, ಸುಬ್ಬಯ್ಯನಾಯ್ಡು ಇದ್ದ ಕನ್ನಡದ ‘ವಸಂತಸೇನಾ’, 1984ರಲ್ಲಿ ಗಿರೀಶ ಕಾರ್ನಾಡರು ಹಿಂದಿಯಲ್ಲಿ ನಿರ್ದೇಶಿಸಿದ ‘ಉತ್ಸವ್’, ಹೀಗೆ ಅದು ಮತ್ತೆ ಮತ್ತೆ ತೆರೆಗೆ ಬಂದಿದೆ. ‘ಉತ್ಸವ್’ ನೋಡುವ ಮುನ್ನ ನಾಟಕದ ಕೊನೆಯ ಅಂಕವನ್ನು ಇನ್ನೊಮ್ಮೆ ಓದಿ. ಶೂದ್ರಕನ ನಗರ ಕಾರ್ನಾಡರಲ್ಲಿ ಎಷ್ಟು ಉಳಿದಿದೆ ಎಂದು ಆಗ ಕಾಣುತ್ತದೆ.

ಆಧುನಿಕ ನಾಟಕದಲ್ಲಿ ನಿಮ್ಮ ಜಿಲ್ಲೆಗೆ ನೇರ ತಟ್ಟುವುದು ಕೋಮಲ್ ಸ್ವಾಮಿನಾಥನ್ ಅವರ ‘ತಣ್ಣೀರ್ ತಣ್ಣೀರ್’. 1980ರ ಸುಮಾರಿನಲ್ಲಿ ರಂಗದ ಮೇಲೆ ಬಂತು, 1981ರಲ್ಲಿ ಕೆ. ಬಾಲಚಂದರ್ ಚಿತ್ರ ಮಾಡಿದರು. ಕುಡಿಯುವ ನೀರಿಲ್ಲದ ಒಂದು ಹಳ್ಳಿ, ಅರ್ಜಿ ಬರೆದು ಬರೆದು ಸೋತ ಜನ, ತಾವೇ ಕಾಲುವೆ ತೋಡಲು ಹೊರಟಾಗ ಅಡ್ಡ ಬರುವ ಕಾನೂನು. ಫ್ಲೋರೈಡ್ ನೀರು ಕುಡಿದು ಹಲ್ಲು ಕಂದಾದ ಊರುಗಳ ನಡುವೆ ಬೆಳೆದವರಿಗೆ, ಪಕ್ಕದಲ್ಲೇ ಹೊಗೇನಕಲ್ ಧುಮ್ಮಿಕ್ಕುತ್ತಿದ್ದರೂ ಕೊಡ ಹಿಡಿದು ಕಾದವರಿಗೆ, ಈ ನಾಟಕದ ಟಿಪ್ಪಣಿ ಬೇಕಿಲ್ಲ. ರಂಗದಲ್ಲಿ ಬರ ಎಂಬುದು ಮಾತಿನಲ್ಲಿದೆ: ಯಾರು ಎಷ್ಟು ದೂರ ನಡೆದರು, ಕೊಡ ಎಷ್ಟು ತುಂಬಿತು ಎಂಬ ಮಾತಿನಲ್ಲಿ. ತೆರೆಯಲ್ಲಿ ಬಿರಿದ ನೆಲವೇ ಮೊದಲು ಕಣ್ಣಿಗೆ ಬೀಳುತ್ತದೆ. ನನಗೆ ನಾಟಕವೇ ಹೆಚ್ಚು ಸುಡುತ್ತದೆ. ನೀರು ಒಂದು ತೊಟ್ಟೂ ಕಾಣದ ರಂಗದ ಮೇಲೆ ನೀರಿನ ಬಗ್ಗೆಯೇ ಮಾತಾಡುವುದನ್ನು ಕೇಳುವುದು ಬೇರೆ ಅನುಭವ.

ಕನ್ನಡದಲ್ಲಿ ಕಾರ್ನಾಡರ ‘ನಾಗಮಂಡಲ’ ಮತ್ತು ಟಿ. ಎಸ್. ನಾಗಾಭರಣರ 1997ರ ಚಿತ್ರ. ನಾಟಕದ ಆರಂಭದಲ್ಲಿ ಊರಿನ ದೀಪಗಳ ಜ್ವಾಲೆಗಳು ಹಾಳುಗುಡಿಯಲ್ಲಿ ಸೇರಿ ಹರಟುತ್ತವೆ. ಮಾತಾಡುವ ಜ್ವಾಲೆಯನ್ನು ಕ್ಯಾಮೆರಾ ಏನು ಮಾಡೀತು ಎಂಬ ಪ್ರಶ್ನೆ ಇಟ್ಟುಕೊಂಡು ಚಿತ್ರ ನೋಡಿ. ಜೊತೆಗೆ ಓದಲು ಕಾರ್ನಾಡರ ‘ಆಡಾಡತ ಆಯುಷ್ಯ’, ಬಿ. ವಿ. ಕಾರಂತರು ವೈದೇಹಿಯವರಿಗೆ ಹೇಳಿ ಬರೆಸಿದ ‘ಇಲ್ಲಿರಲಾರೆ ಅಲ್ಲಿಗೆ ಹೋಗಲಾರೆ’. ಎರಡೂ ಧಾರವಾಡದ ಮನೋಹರ ಗ್ರಂಥಮಾಲೆಯವು. ಹೆಗ್ಗೋಡಿನ ಅಕ್ಷರ ಪ್ರಕಾಶನದ ಪಟ್ಟಿಯನ್ನೂ ತರಿಸಿಕೊಳ್ಳಿ, ರಂಗಭೂಮಿಯ ಪುಸ್ತಕಗಳಿಗೆ ಅಷ್ಟು ಶ್ರದ್ಧೆ ತೋರಿದ ಪ್ರಕಾಶನಗಳು ಕಡಿಮೆ.

ಇತಿಹಾಸಕ್ಕೆ ಎರಡು ಹೆಸರು ಸಾಕು: ತಿಯೋಡರ್ ಭಾಸ್ಕರನ್ ಅವರ ‘ದ ಮೆಸೇಜ್ ಬೇರರ್ಸ್’ (1981), ಎಚ್. ಕೆ. ರಂಗನಾಥರ ‘ದ ಕರ್ನಾಟಕ್ ಥಿಯೇಟರ್’ (1960). ಮೊದಲನೆಯದು ತಮಿಳು ನಾಟಕದ ಮಂದಿ ಸ್ವಾತಂತ್ರ್ಯ ಹೋರಾಟವನ್ನು ಹೇಗೆ ರಂಗದಿಂದ ತೆರೆಗೆ ಹೊತ್ತು ತಂದರು ಎಂದು ಹೇಳುತ್ತದೆ.

ಕೊನೆಗೆ ನೀವು ಕೇಳದೆ ಬಿಟ್ಟದ್ದು. ನಿಮ್ಮ ಸುತ್ತಲಿನ ದ್ರೌಪದಿ ಅಮ್ಮನ ಜಾತ್ರೆಗಳಲ್ಲಿ ರಾತ್ರಿಯಿಡೀ ನಡೆಯುವ ತೆರುಕ್ಕೂತ್ತು ಕೂಡ ನಾಟಕವೇ. ರಿಚರ್ಡ್ ಫ್ರಾಸ್ಕಾ 1990ರಲ್ಲಿ ತೆರುಕ್ಕೂತ್ತಿನ ಮಹಾಭಾರತದ ಮೇಲೆ ಪುಸ್ತಕ ಬರೆದರು, ಹನ್ನೆ ದ ಬ್ರೂಯಿನ್ ಅದೇ ಆಟವನ್ನು ‘ಕಟ್ಟೈಕ್ಕೂತ್ತು’ ಎಂದು ಕರೆದು ಅದರ ಬಗ್ಗೆ ಬರೆದರು. ಬ್ರೂಯಿನ್ ಅವರ ನೆಲೆ ಕಾಂಚೀಪುರದ ಕಡೆಯದು. ನಿಮ್ಮ ಕಡೆಯ ಆಟದ ಧಾಟಿ, ವೇಷ ಬೇರೆ. ಸೇಲಂ ಸೀಮೆಯ ಕೂತ್ತಿನ ಬಗ್ಗೆ ತಿಳಿಯಲು ಮೆಟ್ಟೂರು ಬಳಿಯಿಂದ ಮು. ಹರಿಕೃಷ್ಣನ್ ಹೊರತರುವ ‘ಮಣಲ್ ವೀಡು’ ಪತ್ರಿಕೆಯ ಸಂಚಿಕೆಗಳನ್ನು ಹುಡುಕಿ. ನಿಮ್ಮ ಊರಿನ ಕೂತ್ತು ವಾದ್ಯಾರರ ಬಳಿ ಕೈಬರಹದ ಪ್ರಸಂಗದ ನೋಟ್‌ಬುಕ್ಕು ಇದ್ದರೆ, ಅವರ ಒಪ್ಪಿಗೆ ಪಡೆದು ಪುಟಪುಟವನ್ನೂ ಫೋಟೊ ತೆಗೆದುಕೊಳ್ಳಿ. ಯಾವ ಸಾಲಿಗೆ ಯಾವ ತಾಳ, ಯಾವ ವೇಷ ಯಾವಾಗ ಹೊರಗೆ ಬರಬೇಕು ಎಂದು ಅವರನ್ನೇ ಕೇಳಿ, ಅಂಚಿನಲ್ಲಿ ಬರೆದಿಡಿ. ಕನ್ನಡ ಮನೆಯವರು ಆಡಿದ ಆಟವಾದರೆ ನಮಗೂ ಒಂದು ಪ್ರತಿ ಕಳಿಸಿ.