ಎರಡು ನಾಡಿನ ಆಟಗಾರ

(ದ್ವಿತೀಯ ಬಿ.ಎ. ವಿದ್ಯಾರ್ಥಿ, ಮಿಶ್ರಿಕೋಟಿ)

ಕಳೆದ ವರ್ಷ ನಮ್ಮ ಕಾಲೇಜಿನ ಚರ್ಚಾಕೂಟದಲ್ಲಿ “ಪರದೇಶದ ಪರವಾಗಿ ಆಡುವವನು ಸ್ವದೇಶಕ್ಕೆ ದ್ರೋಹ ಮಾಡಿದಂತೆಯೇ?” ಎಂಬ ವಿಷಯವನ್ನಿಟ್ಟಿದ್ದರು. ನಾನು ‘ಅಹುದು’ ಎಂಬ ಪಕ್ಷವನ್ನು ಹಿಡಿದು ಮಾತನಾಡಿದೆ. ಅಮೆರಿಕದಲ್ಲಿ ಹುಟ್ಟಿ ರಶಿಯಾದ ಪರವಾಗಿ ಬಾಸ್ಕೆಟ್‌ಬಾಲ್ ಆಡಿದ ಬೆಕಿ ಹ್ಯಾಮನ್ ಎಂಬಾಕೆಯ ಹೆಸರನ್ನೆತ್ತಿ, “ಹಣಕ್ಕಾಗಿ ಅಂಗಿ ಬದಲಿಸಿದವಳು” ಎಂದು ಮೂದಲಿಸಿದೆ. ಚಪ್ಪಾಳೆಯೂ ಬಿತ್ತು, ಬಹುಮಾನವೂ ಬಂದಿತು. ಆ ಭಾಷಣವನ್ನು ಈ ಲೇಖನದ ಮೂಲಕ ಹಿಂದೆಗೆದುಕೊಳ್ಳುತ್ತಿದ್ದೇನೆ. ಏಕೆಂದರೆ ಅಂದು ನಾನು ವಿಷಯವನ್ನು ತಿಳಿದು ಮಾತನಾಡಿರಲಿಲ್ಲ.

ಅಂದು ಸಂಜೆ ಮಿಶ್ರಿಕೋಟಿಗೆ ಹೋಗಿ ಬಹುಮಾನದ ಪುಸ್ತಕವನ್ನು ಆಯಿಯ ಮುಂದಿಟ್ಟೆ. ಆಯಿ ಎಂದರೆ ನನ್ನ ತಾಯಿಯ ತಾಯಿ. ನಮ್ಮ ತಂದೆಯವರ ಊರು ನವಲಗುಂದದ ಕಡೆಯದಾದರೂ ನಾನು ಮೂರು ವರ್ಷದವನಿದ್ದಾಗಿನಿಂದ ಕಲಘಟಗಿ ತಾಲೂಕಿನ ಮಿಶ್ರಿಕೋಟಿಯಲ್ಲಿ, ಆಯಿಯ ಮನೆಯಲ್ಲಿಯೇ ಬೆಳೆದವನು. ಭಾಷಣದ ಸಾರವನ್ನು ಆಕೆಗೆ ಹೇಳಿದೆ. ಆಕೆ ಅಕ್ಕಿ ಆರಿಸುವುದನ್ನು ನಿಲ್ಲಿಸದೆ, “ತಮ್ಮಾ, ಅವತ್ತ ನಿನ್ನ ಕಬಡ್ಡಿ ಆಡಾಕ ಬಿಡಲಿಲ್ಲಲ್ಲ, ಅವರೂ ಹಿಂಗ ಮಾತಾಡಿದ್ರು ನೋಡು” ಎಂದಳು.

ಆಕೆ ನೆನಪಿಸಿದ ಸಂಗತಿ ಇದು. ನಾನು ಒಂಬತ್ತನೆಯ ತರಗತಿಯಲ್ಲಿದ್ದಾಗ ಒಂದು ಜಾತ್ರೆಯ ಕಬಡ್ಡಿ ಪಂದ್ಯಕ್ಕೆ ನಮ್ಮೂರಿನ ತಂಡದೊಡನೆ ಹೋಗಿದ್ದೆ. ಅಂಗಿ ಕಳೆದು ಅಂಗಳಕ್ಕೆ ಇಳಿಯುವ ಹೊತ್ತಿಗೆ ಹಿರಿಯರೊಬ್ಬರು, “ಯಾವ ಊರಾಂವೋ ನೀ? ರೇಶನ್ ಕಾರ್ಡಿನ್ಯಾಗ ಹೆಸರು ಎಲ್ಲೈತಿ?” ಎಂದು ಕೇಳಿದರು. ಹೆಸರು ತಂದೆಯವರ ಊರಿನಲ್ಲಿತ್ತು. ನನ್ನನ್ನು ಹಗ್ಗದ ಹೊರಗೆ ಕೂಡಿಸಿದರು. ಮರುವರ್ಷ ತಂದೆಯವರ ಊರಿನ ತಂಡದಲ್ಲಿ ಆಡಲು ಹೋದೆ. ಅಲ್ಲಿಯ ಹುಡುಗರು, “ಅಂವ ಮಿಶ್ರಿಕೋಟಿಯಾಂವ” ಎಂದರು. ಮತ್ತೆ ಹಗ್ಗದ ಹೊರಗೇ ಕುಳಿತೆ. ಎರಡು ಊರಿನವನಾಗಿ ಒಂದು ಊರಿಗೂ ಆಡದವನು, ಎರಡು ದೇಶದವಳನ್ನು ವೇದಿಕೆಯ ಮೇಲೆ ನಿಂತು ಹಳಿದಿದ್ದೆ. ಆ ರಾತ್ರಿ ನನಗೆ ನಿದ್ರೆ ಬರಲಿಲ್ಲ. ಮರುದಿನದಿಂದ ಈ ವಿಷಯದ ಅಭ್ಯಾಸಕ್ಕೆ ತೊಡಗಿದೆ.

ಮೊದಲು ಒಂದು ಭೇದವನ್ನು ತಿಳಿಯಬೇಕು. ವೃತ್ತಿಪರ ಆಟಗಾರನಿಗೆ ಎರಡು ಬಗೆಯ ತಂಡಗಳಿರುತ್ತವೆ. ಒಂದು ಕ್ಲಬ್ಬಿನ ತಂಡ. ಅಲ್ಲಿ ಅವನು ಸಂಬಳಕ್ಕೆ ಆಡುತ್ತಾನೆ. ಅದು ಅವನ ಉದ್ಯೋಗ. ಹುಬ್ಬಳ್ಳಿಯ ಕಾರಖಾನೆಗೆ ನಮ್ಮೂರ ಹುಡುಗ ದುಡಿಯಲು ಹೋದರೆ ಅವನನ್ನು ಯಾರೂ ಊರದ್ರೋಹಿ ಎನ್ನುವುದಿಲ್ಲ. ಇನ್ನೊಂದು ರಾಷ್ಟ್ರೀಯ ತಂಡ. ಅಲ್ಲಿ ಅವನು ದೇಶದ ಪ್ರತಿನಿಧಿ. ಅಲ್ಲಿ ಪೌರತ್ವದ ಪ್ರಶ್ನೆ ಬರುತ್ತದೆ. ನಮ್ಮ ಚರ್ಚೆಯಲ್ಲಿ ಇವೆರಡನ್ನೂ ಕಲಸಿಬಿಟ್ಟಿದ್ದೆವು.

ಬಾಸ್ಕೆಟ್‌ಬಾಲ್ ಆಟವಂತೂ ಹುಟ್ಟಿನಿಂದಲೇ ಎರಡು ನಾಡಿನದು. ಇದನ್ನು 1891ರಲ್ಲಿ ಅಮೆರಿಕದ ಸ್ಪ್ರಿಂಗ್‌ಫೀಲ್ಡ್‌ನಲ್ಲಿ ಕಂಡುಹಿಡಿದ ಜೇಮ್ಸ್ ನೈಸ್ಮಿತ್ ಎಂಬ ಶಿಕ್ಷಕನು ಹುಟ್ಟಿದುದು ಕೆನಡಾದಲ್ಲಿ. ಅವನು ಅಮೆರಿಕದ ಪೌರನಾದುದು 1925ರಲ್ಲಿ, ಆಟ ಹುಟ್ಟಿ ಮೂವತ್ತಕ್ಕೂ ಹೆಚ್ಚು ವರ್ಷಗಳಾದ ಮೇಲೆ!

ಇಂದು ಅಮೆರಿಕದ ಎನ್.ಬಿ.ಎ. ಲೀಗಿನಲ್ಲಿ ಸ್ಥಾನ ಸಿಕ್ಕದ ಎಷ್ಟೋ ಆಟಗಾರರು ಯುರೋಪಿಗೂ ಏಶಿಯಾಕ್ಕೂ ಹೋಗಿ ಆಡಿ ಬದುಕುತ್ತಾರೆ. ಅಲ್ಲಿಯ ಲೀಗುಗಳಲ್ಲಿ ಒಂದು ತಂಡಕ್ಕೆ ಇಷ್ಟೇ ಹೊರದೇಶದವರು ಎಂಬ ಮಿತಿ ಸಾಮಾನ್ಯ. ಎರಡನೆಯ ಪಾಸ್‌ಪೋರ್ಟಿಗೆ ಬೆಲೆ ಬರುವುದು ಇಲ್ಲಿಯೇ. ಬೆಲ್ಜಿಯಮ್ಮಿನ ಫುಟ್‌ಬಾಲ್ ಆಟಗಾರ ಬೋಸ್ಮನ್ ಹೂಡಿದ ದಾವೆಯಲ್ಲಿ ಯುರೋಪಿನ ನ್ಯಾಯಾಲಯವು 1995ರ ಡಿಸೆಂಬರಿನಲ್ಲಿ ತೀರ್ಪಿತ್ತು, ಯುರೋಪಿನ ಒಕ್ಕೂಟದ ಯಾವುದೇ ದೇಶದ ಪೌರನನ್ನು ಒಕ್ಕೂಟದ ಇನ್ನೊಂದು ದೇಶದ ಕ್ಲಬ್ಬು ‘ಹೊರದೇಶದವ’ನೆಂದು ಎಣಿಸಿ ಸಂಖ್ಯೆಯ ಮಿತಿ ಹಾಕಕೂಡದೆಂದು ಸಾರಿತು. ಇದರ ಪರಿಣಾಮ ಎಲ್ಲ ಆಟಗಳ ಮೇಲೂ ಆಯಿತು. ಐರ್ಲೆಂಡಿನ ಕಾಯಿದೆಯಂತೆ, ಆ ದೇಶದಲ್ಲಿ ಹುಟ್ಟಿದ ಅಜ್ಜನಾಗಲಿ ಅಜ್ಜಿಯಾಗಲಿ ಇದ್ದರೆ ಮೊಮ್ಮಗನು ಅಲ್ಲಿಯ ಪೌರತ್ವವನ್ನು ಪಡೆಯಬಹುದು. ಅಂಥ ಅಜ್ಜಿಯುಳ್ಳ ಅಮೆರಿಕದ ಆಟಗಾರನಿಗೆ ಸ್ಪೇನಿನಲ್ಲಿಯೂ ಜರ್ಮನಿಯಲ್ಲಿಯೂ ಬಾಗಿಲು ತೆರೆಯುತ್ತದೆ. ತಾಯಿಯ ತಾಯಿಯ ಊರನ್ನು ಒಂದು ದೇಶದ ಕಾಯಿದೆ ಹೀಗೆ ಲೆಕ್ಕಕ್ಕೆ ಹಿಡಿಯುತ್ತದೆಂದು ಓದಿದಾಗ, ನಿಜ ಹೇಳುತ್ತೇನೆ, ನನಗೆ ಹೊಟ್ಟೆಕಿಚ್ಚಾಯಿತು.

ಇನ್ನು ನಾನು ಹಳಿದ ಬೆಕಿ ಹ್ಯಾಮನ್ನಳ ಕಥೆ. ಆಕೆ 1977ರಲ್ಲಿ ಅಮೆರಿಕದ ದಕ್ಷಿಣ ಡಕೋಟಾ ರಾಜ್ಯದಲ್ಲಿ ಹುಟ್ಟಿದಳು. ಎತ್ತರ 5 ಅಡಿ 6 ಅಂಗುಲ ಮಾತ್ರ. ಈ ಆಟಕ್ಕೆ ಅದು ಗಿಡ್ಡವೇ ಸರಿ. 1999ರಲ್ಲಿ ಮಹಿಳಾ ಲೀಗಿನ ತಂಡಗಳು ಹೊಸಬರನ್ನು ಸರದಿಯಂತೆ ಆರಿಸಿಕೊಂಡಾಗ ಈಕೆಯನ್ನು ಯಾರೂ ಆರಿಸಲಿಲ್ಲ. ಆದರೂ ನ್ಯೂಯಾರ್ಕ್ ತಂಡದಲ್ಲಿ ಜಾಗ ಗಿಟ್ಟಿಸಿ, ಬಳಿಕ ಸ್ಯಾನ್ ಆಂಟೋನಿಯೋ ತಂಡಕ್ಕೆ ಹೋಗಿ ಹೆಸರು ಗಳಿಸಿದಳು. 2007ರಲ್ಲಿ ಅಮೆರಿಕವು ಒಲಿಂಪಿಕ್ಸಿನ ತಯಾರಿಗಾಗಿ ಮೊದಲು ಪ್ರಕಟಿಸಿದ ಪಟ್ಟಿಯಲ್ಲಿ ಈಕೆಯ ಹೆಸರಿರಲಿಲ್ಲ. ಅಮೆರಿಕದ ಮಹಿಳಾ ಲೀಗು ನಡೆಯುವುದು ಬೇಸಿಗೆಯಲ್ಲಿ. ಚಳಿಗಾಲದಲ್ಲಿ ಆಟಗಾರ್ತಿಯರು ಯುರೋಪಿಗೆ ಹೋಗಿ ದುಡಿಯುವುದು ರೂಢಿ. ಹಾಗೆ ಈಕೆ ಮಾಸ್ಕೋದ ಕ್ಲಬ್ಬಿಗೆ ಸೇರಿದಳು. 2008ರಲ್ಲಿ ರಶಿಯಾದ ಪೌರತ್ವವೂ ದೊರೆಯಿತು. ಅಮೆರಿಕದ ಪೌರತ್ವವನ್ನು ಬಿಡಲಿಲ್ಲ. ಬೀಜಿಂಗ್ ಒಲಿಂಪಿಕ್ಸಿನಲ್ಲಿ ರಶಿಯಾದ ಪರವಾಗಿ ಆಡಿದಳು. ಉಪಾಂತ್ಯ ಪಂದ್ಯದಲ್ಲಿ ಎದುರಿಗೆ ನಿಂತದ್ದು ಅಮೆರಿಕ! ರಶಿಯಾ ಸೋತಿತು, ಮುಂದೆ ಚೀನಾವನ್ನು ಸೋಲಿಸಿ ಕಂಚಿನ ಪದಕ ಪಡೆಯಿತು.

ಆಕೆಯ ನಾಡಿನಲ್ಲಿಯೇ ಕೆಲವರು ಆಕೆಗೆ ದೇಶಭಕ್ತಿಯಿಲ್ಲವೆಂದರು. ಅದೇ ನಾಡಿನಲ್ಲಿ 2014ರಲ್ಲಿ ಸ್ಯಾನ್ ಆಂಟೋನಿಯೋದ ಪುರುಷರ ತಂಡವು ಆಕೆಯನ್ನು ಸಹಾಯಕ ತರಬೇತುದಾರಳನ್ನಾಗಿ ನೇಮಿಸಿತು. ಎನ್.ಬಿ.ಎ.ಯಲ್ಲಿ ಪೂರ್ಣಾವಧಿಯ ಸಂಬಳದ ಮೇಲೆ ಅಂಥ ಹುದ್ದೆ ಪಡೆದ ಮೊದಲ ಮಹಿಳೆ ಆಕೆಯೇ. ತನ್ನ ದೇಶದ ಮೊದಲ ಪಟ್ಟಿಯಲ್ಲಿ ಹೆಸರು ಬರಲಿಲ್ಲ, ಕರೆದವರಲ್ಲಿಗೆ ಹೋದಳು. ಇದರಲ್ಲಿ ಹಣದ ಪಾಲು ಇರಲಿಲ್ಲವೆಂದು ನಾನು ಹೇಳಲಾರೆ. ಆದರೆ ಹಣವೊಂದೇ ಇತ್ತೆಂದು ಹೇಳುವ ಅಧಿಕಾರವೂ ನನಗಿರಲಿಲ್ಲ.

ಹೀಗೆ ಎಲ್ಲರೂ ಪಾಸ್‌ಪೋರ್ಟ್ ಬದಲಿಸಿ ಬಂದರೆ ರಾಷ್ಟ್ರೀಯ ತಂಡಕ್ಕೆ ಅರ್ಥವೇನು ಉಳಿಯಿತು? ಈ ಆಕ್ಷೇಪ ಸಾಧಾರಣವಾದುದಲ್ಲ. ಇದಕ್ಕಾಗಿಯೇ ಅಂತರರಾಷ್ಟ್ರೀಯ ಬಾಸ್ಕೆಟ್‌ಬಾಲ್ ಸಂಸ್ಥೆಯಾದ ಫಿಬಾ ಒಂದು ನಿಯಮ ಮಾಡಿದೆ. ಹದಿನಾರು ವಯಸ್ಸು ತುಂಬಿದ ಮೇಲೆ ಪೌರತ್ವ ಪಡೆದವರು ಒಂದು ರಾಷ್ಟ್ರೀಯ ತಂಡದಲ್ಲಿ ಒಬ್ಬರೇ ಇರಬಹುದು. ಎರಡು ಪೌರತ್ವವುಳ್ಳವನು ಯಾವುದಾದರೂ ಒಂದು ದೇಶವನ್ನು ಆರಿಸಿಕೊಳ್ಳಬೇಕು. ಬಾಗಿಲನ್ನು ಪೂರ್ತಿ ಮುಚ್ಚಿಲ್ಲ, ಪೂರ್ತಿ ತೆರೆದೂ ಇಲ್ಲ. ನಿಯಮ ಮೊದಲೇ ಬರೆದಿಟ್ಟದ್ದು, ಎಲ್ಲರಿಗೂ ಒಂದೇ. ಅಂಗಿ ಕಳೆದು ಅಂಗಳಕ್ಕೆ ಇಳಿದವನನ್ನು ಹಿಡಿದು ನಿಲ್ಲಿಸಿ ಊರು ಕೇಳುವ ಪ್ರಸಂಗ ಅಲ್ಲಿಲ್ಲ.

ನಮ್ಮ ದೇಶದ ಮಾತೇನು? ನಮ್ಮ ಸಂವಿಧಾನದ 9ನೆಯ ಅನುಚ್ಛೇದ ಮತ್ತು 1955ರ ಪೌರತ್ವ ಕಾಯಿದೆಯ ಪ್ರಕಾರ, ತಾನಾಗಿ ಬೇರೆ ದೇಶದ ಪೌರತ್ವ ಪಡೆದವನು ಭಾರತದ ಪೌರನಾಗಿ ಉಳಿಯುವುದಿಲ್ಲ. ಹೊರನಾಡಿನಲ್ಲಿ ನೆಲೆಸಿದ ಭಾರತೀಯ ಮೂಲದವರಿಗಾಗಿ 2005ರಲ್ಲಿ ಒ.ಸಿ.ಐ. ಎಂಬ ವ್ಯವಸ್ಥೆ ಬಂದಿತು. ಅದನ್ನು ಪಡೆದವರು ಇಲ್ಲಿ ಬಂದು ಇರಬಹುದು, ದುಡಿಯಬಹುದು; ಮತ ಹಾಕುವಂತಿಲ್ಲ, ಹೊಲ ಕೊಳ್ಳುವಂತಿಲ್ಲ. ಅದು ಪೂರ್ಣ ಪೌರತ್ವವಲ್ಲ. 2008ರ ಡಿಸೆಂಬರಿನಲ್ಲಿ ಕೇಂದ್ರದ ಕ್ರೀಡಾ ಸಚಿವಾಲಯವು, ಭಾರತದ ಪಾಸ್‌ಪೋರ್ಟ್ ಇದ್ದವರು ಮಾತ್ರ ಭಾರತದ ಪರವಾಗಿ ಆಡಬೇಕೆಂದು ನಿರ್ಣಯಿಸಿತು.

ಇದರ ಫಲವನ್ನು ಮೂವರ ಜೀವನದಲ್ಲಿ ಕಾಣಬಹುದು. 2015ರ ಏಪ್ರಿಲ್‌ನಲ್ಲಿ 7 ಅಡಿ 5 ಅಂಗುಲ ಎತ್ತರದ ಸಿಮ್ ಭುಲ್ಲರ್ ಸ್ಯಾಕ್ರಮೆಂಟೋ ತಂಡದ ಪರವಾಗಿ ಅಂಗಳಕ್ಕಿಳಿದು, ಎನ್.ಬಿ.ಎ.ಯಲ್ಲಿ ಆಡಿದ ಭಾರತೀಯ ಮೂಲದ ಮೊದಲಿಗನಾದ. ಅಲ್ಲಿ ಆಡಿದ್ದು ಮೂರೇ ಪಂದ್ಯ. ಆಮೇಲೆ ತೈವಾನಿನಲ್ಲಿಯೂ ಆಡಿದ. ನಾವು ‘ನಮ್ಮವ’ ಎಂದು ಹಿಗ್ಗಿದೆವು. ಆದರೆ ಪಂಜಾಬದಿಂದ ಹೋದ ತಂದೆತಾಯಿಗಳ ಮಗನಾದ ಆತ ಹುಟ್ಟಿದ್ದು ಕೆನಡಾದ ಟೊರಾಂಟೋದಲ್ಲಿ. ಆತ ಕೆನಡಾದ ಪೌರ.

ಎರಡನೆಯವನು ಕರ್ನಾಟಕದವನೇ, ಆಟ ಮಾತ್ರ ಬೇರೆ. ಕ್ರಿಕೆಟಿಗ ನೋಸ್ತುಷ್ ಕೆಂಜಿಗೆ 1991ರಲ್ಲಿ ಹುಟ್ಟಿದ್ದು ಅಮೆರಿಕದ ಅಲಬಾಮಾ ರಾಜ್ಯದಲ್ಲಿ, ಬೆಳೆದದ್ದು ಚಿಕ್ಕಮಗಳೂರು ಸೀಮೆಯ ಕಾಫಿ ತೋಟದಲ್ಲಿ. ಇಲ್ಲಿ ರಾಜ್ಯ ತಂಡದಲ್ಲಿ ಆಡುವ ಯೋಗ ಬರಲಿಲ್ಲ. 2015ರಲ್ಲಿ ಅಮೆರಿಕಕ್ಕೆ ಮರಳಿ ಹೋದ. 2024ರ ಜೂನ್ 6ರಂದು ಡಲ್ಲಾಸಿನಲ್ಲಿ ನಡೆದ ವಿಶ್ವಕಪ್ ಪಂದ್ಯದಲ್ಲಿ ಅಮೆರಿಕವು ಪಾಕಿಸ್ತಾನವನ್ನು ಸೂಪರ್ ಓವರಿನಲ್ಲಿ ಸೋಲಿಸಿದಾಗ, 30 ಓಟಗಳಿಗೆ ಮೂರು ವಿಕೆಟ್ ಪಡೆದವನು ಈ ಮಲೆನಾಡಿನ ಹುಡುಗ. ಅಂದು ಅವನನ್ನು ದ್ರೋಹಿ ಎಂದವರನ್ನು ನಾನು ಕಾಣೆ, ನಾನೂ ಸಂತೋಷಪಟ್ಟೆ. ಹಾಗಾದರೆ ಹ್ಯಾಮನ್ನಳಿಗೊಂದು ನ್ಯಾಯ, ಕೆಂಜಿಗೆಗೊಂದು ನ್ಯಾಯವೇ?

ಮೂರನೆಯವನು ಇದಕ್ಕೆ ವಿರುದ್ಧ ದಿಕ್ಕಿನಲ್ಲಿ ಬಂದವನು. ಬೆಂಗಳೂರು ಫುಟ್‌ಬಾಲ್ ಕ್ಲಬ್ಬಿಗೆ 2023ರಲ್ಲಿ ಸೇರಿದ ರಯಾನ್ ವಿಲಿಯಮ್ಸ್ ಆಸ್ಟ್ರೇಲಿಯದಲ್ಲಿ ಹುಟ್ಟಿದವನು. ತಾಯಿಯ ಕಡೆಯವರು ಮುಂಬಯಿಯ ಆಂಗ್ಲೋ-ಇಂಡಿಯನ್ ಮನೆತನದವರು. ಕ್ಲಬ್ಬಿಗೆ ಆಡಲು ಆತನಿಗೆ ಯಾವ ಅಡ್ಡಿಯೂ ಇರಲಿಲ್ಲ. ಭಾರತಕ್ಕೆ ಆಡಬೇಕೆಂದರೆ ಹುಟ್ಟುನಾಡಿನ ಪೌರತ್ವವನ್ನೇ ಬಿಡಬೇಕಾಗಿತ್ತು. 2025ರಲ್ಲಿ ಅದನ್ನು ಬಿಟ್ಟು ಭಾರತದ ಪೌರನಾದ. ಹ್ಯಾಮನ್ನಳು ಎರಡನ್ನೂ ಇಟ್ಟುಕೊಂಡಳು. ನಮ್ಮ ಕಾಯಿದೆಯಡಿ ಈತನಿಗೆ ಅದು ಸಾಧ್ಯವಿರಲಿಲ್ಲ.

ನಮ್ಮ ಕಾಯಿದೆ ತಪ್ಪೆಂದು ನಾನು ವಾದಿಸುತ್ತಿಲ್ಲ. ಒಬ್ಬನಿಗೆ ಒಂದೇ ಪೌರತ್ವವಿರಲೆಂಬುದು ತಕ್ಕ ವಿಚಾರದಿಂದ ಮಾಡಿದ ಕಟ್ಟಳೆಯಾಗಿರಬಹುದು. ಅದರ ಗುಣದೋಷಗಳನ್ನು ರಾಜ್ಯಶಾಸ್ತ್ರದ ಗುರುಗಳು ತಿಳಿಸಬೇಕು. ನನ್ನ ಮಾತು ಇಷ್ಟೇ: ಯಾರು ಯಾವ ದೇಶಕ್ಕೆ ಆಡಬಹುದೆಂಬುದನ್ನು ನಿಯಮ ನಿರ್ಣಯಿಸಲಿ. ಆಟಗಾರನ ಮನಸ್ಸಿನಲ್ಲಿ ನಾಡಿನ ಪ್ರೀತಿ ಎಷ್ಟಿದೆಯೆಂದು ಅಳೆಯಲು ನಾವು ಹೋಗಬಾರದು. ಗೆದ್ದು ಬಂದರೆ ನಮ್ಮವನು, ಬಿಟ್ಟು ಹೋದರೆ ದ್ರೋಹಿ ಎಂಬ ತಕ್ಕಡಿ ಸರಿಯಾದ ತಕ್ಕಡಿಯಲ್ಲ.

ಈ ಅಭ್ಯಾಸದಿಂದ ಒಂದು ಸಣ್ಣ ಕೆಲಸವೂ ನಡೆಯಿತು. ಈ ವರ್ಷ ನಮ್ಮ ಗೆಳೆಯರೆಲ್ಲ ಸೇರಿ ಕಬಡ್ಡಿ ಪಂದ್ಯ ಇಟ್ಟುಕೊಂಡಾಗ ನಾನು ಒಂದು ಹಾಳೆಯ ಮೇಲೆ ನಿಯಮ ಬರೆದು ಓದಿದೆ. ಊರಲ್ಲಿ ಒಂದು ವರ್ಷ ವಾಸವಿದ್ದವನು ಊರಿನವನು. ರೇಶನ್ ಕಾರ್ಡು ಕೇಳುವುದಿಲ್ಲ. ಹೊರಗಿನವನು ತಂಡಕ್ಕೆ ಒಬ್ಬನೇ. ಒಂದು ತಂಡಕ್ಕೆ ಆಡಿದವನು ಆ ಪಂದ್ಯಾವಳಿಯಲ್ಲಿ ಇನ್ನೊಂದಕ್ಕೆ ಆಡುವಂತಿಲ್ಲ. ಸ್ವಲ್ಪ ಗದ್ದಲವಾಯಿತು, ಕೊನೆಗೆ ಎಲ್ಲರೂ ಒಪ್ಪಿದರು. ಹೆಸರು ಬರೆದುಕೊಳ್ಳಲು ನಾನೇ ಕುಳಿತಿದ್ದೆ. ಕಬ್ಬು ಕಡಿಯಲು ಹೋಗುವ ತಂದೆತಾಯಿಗಳು ಚಿಕ್ಕಮ್ಮನ ಮನೆಯಲ್ಲಿ ಬಿಟ್ಟುಹೋದ ಹುಡುಗನೊಬ್ಬ ಬಂದು, ಏನು ಕೇಳುವರೋ ಎಂದು ಹಿಂಜರಿದು ನಿಂತ. “ಎಷ್ಟು ದಿವಸಾತೋ ಇಲ್ಲಿ?” ಎಂದು ಕೇಳಿದೆ. “ಎರಡು ವರ್ಷ ಆತರೀ ಅಣ್ಣಾ” ಎಂದ. ಮಿಶ್ರಿಕೋಟಿಯ ಪಟ್ಟಿಯಲ್ಲಿ ಅವನ ಹೆಸರನ್ನು ಬರೆದುಕೊಂಡೆ.

ಬಹುಮಾನದ ಆ ಪುಸ್ತಕವನ್ನು ನಮ್ಮ ಕಾಲೇಜಿನ ಗ್ರಂಥಾಲಯಕ್ಕೆ ಒಪ್ಪಿಸಿದ್ದೇನೆ.