ಎಲ್ಲರೂ ತಿನ್ನಬಹುದಾದ ಖಾರದ ಪನೀರ್

ಮಗುವಿನ ದೀಕ್ಷಾಸ್ನಾನ, ಪ್ರಥಮ ಪರಮಪ್ರಸಾದ, ಹುಟ್ಟುಹಬ್ಬ - ಸಂಭ್ರಮ ಯಾವುದೇ ಇರಲಿ, ಅರಸೀಕೆರೆ, ಬೇಲೂರು, ಹಳೇಬೀಡಿನ ಕಡೆ ನೆರೆಹೊರೆಯವರನ್ನು ಕರೆಯದೆ ಔತಣ ಪೂರ್ಣವಾಗದು. ಬಂದವರಲ್ಲಿ ಮಾಂಸ ಮುಟ್ಟದವರೂ ಇರುತ್ತಾರೆ. ಮಾಂಸದ ತಟ್ಟೆ ಕಂಡೊಡನೆ "ಈಗ ತಾನೇ ಊಟವಾಯಿತು" ಎಂದು ಬರೀ ಕಾಫಿ ಕುಡಿದು ಎದ್ದುಬಿಡುತ್ತಾರೆ. ಕರೆದವರಿಗೂ ಬಂದವರಿಗೂ ಅದು ಸಂಕೋಚವೇ. ಎಲ್ಲರೂ ಒಂದೇ ತಟ್ಟೆಯಿಂದ ತೆಗೆದು ತಿನ್ನುವಂಥ ಒಂದು ತಿನಿಸನ್ನು ಇಂದು ಕಲಿಯೋಣ.

ಅಂಗಡಿಯ ಚೀಸ್ ಆಗದೇ ಎಂದು ನೀವು ಕೇಳಬಹುದು. ಕೆಲವು ಬಗೆಯ ಚೀಸ್‌ಗಳಲ್ಲಿ ಹಾಲನ್ನು ಗಟ್ಟಿಯಾಗಿಸಲು ಎಳೆಗರುವಿನ ಹೊಟ್ಟೆಯಿಂದ ತೆಗೆದ ರೆನ್ನೆಟ್ ಬಳಸುತ್ತಾರೆ. ಆದ್ದರಿಂದ ಕೊಳ್ಳುವಾಗ ಪೊಟ್ಟಣದ ಮೇಲಿನ ಹಸಿರು ಗುರುತನ್ನು ನೋಡಿ. ಪನೀರಿಗಾದರೋ ನಿಂಬೆರಸವೇ ಸಾಕು.

ಬೇಕಾಗುವ ಸಾಮಗ್ರಿ: ಕೆನೆಭರಿತ ಹಾಲು 2 ಲೀಟರ್, ನಿಂಬೆಹಣ್ಣು 2, ತರಿಯಾಗಿ ಕುಟ್ಟಿದ ಕಾಳುಮೆಣಸು 1 ಚಮಚ, ಜೀರಿಗೆ ಅರ್ಧ ಚಮಚ, ಹೆಚ್ಚಿದ ಹಸಿಮೆಣಸಿನಕಾಯಿ 2, ಕರಿಬೇವು, ಉಪ್ಪು, ಸ್ವಲ್ಪ ಎಣ್ಣೆ, ಒಣಕೊಬ್ಬರಿ ತುರಿ.

ಮಾಡುವ ವಿಧಾನ: ಹಾಲು ಉಕ್ಕಿ ಬಂದಾಗ ಒಲೆ ಆರಿಸಿ. ನಿಂಬೆರಸಕ್ಕೆ ಅಷ್ಟೇ ನೀರು ಬೆರೆಸಿ, ಸ್ವಲ್ಪಸ್ವಲ್ಪವಾಗಿ ಹಾಕುತ್ತಾ ಮೆಲ್ಲಗೆ ಕಲಕಿ. ಹಾಲು ಒಡೆದು ನೀರು ತಿಳಿಯಾದೊಡನೆ ರಸ ಹಾಕುವುದನ್ನು ನಿಲ್ಲಿಸಿ. ಹೆಚ್ಚಾದರೆ ಪನೀರ್ ಹುಳಿಯಾಗಿ ಪುಡಿಪುಡಿಯಾಗುತ್ತದೆ. ಒದ್ದೆ ಬಟ್ಟೆಯಲ್ಲಿ ಸೋಸಿ, ತಣ್ಣೀರು ಹೊಯ್ದು ಹುಳಿ ತೊಳೆಯಿರಿ. ನೀರು ಬಸಿದ ಮೇಲೆ ಉಪ್ಪು, ಮೆಣಸು, ಜೀರಿಗೆ, ಹಸಿಮೆಣಸಿನಕಾಯಿ, ಕರಿಬೇವು ಬೆರೆಸಿ ಗಂಟು ಕಟ್ಟಿ, ಚಪ್ಪಟೆ ಮಾಡಿ, ಮೇಲೆ ಭಾರ ಇಟ್ಟು ಒಂದು ಗಂಟೆ ಬಿಡಿ. ಸುಮಾರು 300ರಿಂದ 400 ಗ್ರಾಂ ಪನೀರ್ ಸಿಗುತ್ತದೆ. ಚಿಕ್ಕದಾಗಿ 40 ತುಂಡು ಮಾಡಿದರೆ ತಲೆಗೆ ಮೂರರಂತೆ 13 ಜನರಿಗೆ ಸಾಕು.

ಕಾವಲಿಗೆ ಎಣ್ಣೆ ಸವರಿ ತುಂಡುಗಳನ್ನು ಕೆಂಪಗೆ ಮಗುಚಿ. ಹುಳಿಯಿಂದ ಒಡೆದ ಪನೀರ್ ಚೀಸ್‌ನಂತೆ ಕರಗಿ ಹರಿಯುವುದಿಲ್ಲ, ಭಯ ಬೇಡ. ಇಳಿಸಿ, ಅರಸೀಕೆರೆ ಸೀಮೆಯ ಒಣಕೊಬ್ಬರಿ ತುರಿ ಉದುರಿಸಿ, ಸೌತೆಕಾಯಿ ಹೋಳಿನೊಂದಿಗೆ ಕಡ್ಡಿಗೆ ಸಿಕ್ಕಿಸಿ ಕೊಡಿ. ಸೋಸಿದ ನೀರನ್ನು ಚೆಲ್ಲಬೇಡಿ. ಚಪಾತಿ ಹಿಟ್ಟು ಕಲಸಲು ಬಳಸಿ. ಪನೀರ್ ಬೇಗ ಕೆಡುವ ಪದಾರ್ಥ. ಔತಣದ ದಿನವೇ ಮಾಡಿ, ಉಳಿದದ್ದನ್ನು ಫ್ರಿಜ್‌ನಲ್ಲಿಟ್ಟು ಮರುದಿನವೇ ಮುಗಿಸಿ.

ಇನ್ನೊಂದು ಮಾತು. ಇದಕ್ಕೆ ಈರುಳ್ಳಿ, ಬೆಳ್ಳುಳ್ಳಿ, ಶುಂಠಿ ಹಾಕಿಲ್ಲ. ಜೈನ ಮನೆತನಗಳಲ್ಲಿ ಅವು ಸಲ್ಲುವುದಿಲ್ಲ. ಮಾಂಸ ಹುರಿದ ಕಾವಲಿ, ಸಟ್ಟುಗವನ್ನೂ ಬಳಸಬೇಡಿ. ತಟ್ಟೆ ನೀಡುವಾಗಲೇ "ಹಾಲು, ನಿಂಬೆರಸದಲ್ಲಿ ಮಾಡಿದ್ದು, ಪಾತ್ರೆಯೂ ಬೇರೆ" ಎಂದು ನೀವೇ ಹೇಳಿಬಿಡಿ. ಅತಿಥಿಗೆ ಕೇಳುವ ಮುಜುಗರವಿರದು. ನಂಬಿಕೆಯಿಂದ ಒಂದು ತುಂಡು ತೆಗೆದುಕೊಂಡ ನೆರೆಯವರು ಇನ್ನಷ್ಟು ಹೊತ್ತು ನಿಮ್ಮೊಡನೆ ಕೂರುತ್ತಾರೆ.